ಮೊದಲನೇ ಪ್ರಶ್ನೆಗೆ ಸೊನ್ನೆ

2022ನೇ ಇಸವಿ. ಚಾಮರಾಜನಗರದ ಒಂದು ಆಸ್ಪತ್ರೆಯ ಹೃದ್ರೋಗ ವಿಭಾಗದಲ್ಲಿ ನಾನು ಸೀನಿಯರ್ ನರ್ಸಿಂಗ್ ಆಫೀಸರ್. ನಿವೃತ್ತಿಗೆ ಎರಡು ವರ್ಷ ಉಳಿದಿತ್ತು. ಹುಟ್ಟಿದ್ದು ತೆರಕಣಾಂಬಿಯಲ್ಲಿ, ನರ್ಸಿಂಗ್ ಓದಿದ್ದು ಮೈಸೂರಿನಲ್ಲಿ. ನನ್ನ ಬಾಯಿ ಸ್ವಲ್ಪ ಜೋರು. ನಾನು ವಾರ್ಡಿಗೆ ಕಾಲಿಟ್ಟರೆ ಬೀಡಿಕಟ್ಟುಗಳು ತಾವಾಗಿಯೇ ದಿಂಬಿನ ಕೆಳಗೆ ಹೋಗುತ್ತಿದ್ದವು. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಯಾಕೆಂದರೆ ಈ ಕಥೆಯಲ್ಲಿ ತಪ್ಪು ಮಾಡಿದವಳು ನಾನೇ.

ಆ ವರ್ಷ ನಮ್ಮಲ್ಲಿಗೆ ಹೊಸ ಹೃದ್ರೋಗ ತಜ್ಞೆ ಬಂದರು, ಡಾ. ವಿನಯಾ. ಕರಾವಳಿಯವರು, ಮಾತು ಮೃದು, ಹಟ ಗಟ್ಟಿ. ಒಂದು ಸೋಮವಾರ ನನ್ನ ಮೇಜಿನ ಮೇಲೆ ಅಚ್ಚಾದ ಹಾಳೆಗಳ ಕಟ್ಟೊಂದನ್ನು ಇಟ್ಟರು. ಹೃದಯಾಘಾತವಾಗಿ ಮೈಸೂರಿನಲ್ಲಿ ಸ್ಟೆಂಟ್ ಹಾಕಿಸಿಕೊಂಡವರು ತಿಂಗಳಿಗೊಮ್ಮೆ ನಮ್ಮಲ್ಲಿ ತಪಾಸಣೆಗೆ ಬರುತ್ತಿದ್ದರು. ಸ್ಟೆಂಟ್ ಎಂದರೆ ಕಟ್ಟಿಕೊಂಡ ರಕ್ತನಾಳವನ್ನು ತೆರೆದಿಡುವ ಸಣ್ಣ ಜಾಲರಿ ಕೊಳವೆ. ಹಾಗೆ ಬಂದ ಪ್ರತಿಯೊಬ್ಬರಿಂದಲೂ ಈ ಹಾಳೆ ತುಂಬಿಸಬೇಕು ಎಂದರು. ಖಿನ್ನತೆಯನ್ನು, ಅಂದರೆ ಡಿಪ್ರೆಶನ್ನನ್ನು, ಅಳೆಯುವ ಹಾಳೆ ಅದು.

"ಎದೆ ಒಡ್ಕೊಂಡು ಬಂದೋರು ನಗ್ತಾ ಇರ್ತಾರಾ ಡಾಕ್ಟ್ರೇ? ಬೇಜಾರು ಇದ್ದೇ ಇರುತ್ತೆ," ಎಂದೆ.

"ಬೇಜಾರು ಬೇರೆ, ಇದು ಬೇರೆ ಸಿಸ್ಟರ್," ಎಂದರು ಅವರು. "ಇದು ಹಿಡಿದವರು ಮಾತ್ರೆ ಬಿಡ್ತಾರೆ, ನಡೆಯೋದು ಬಿಡ್ತಾರೆ, ಮತ್ತೆ ಆಂಬುಲೆನ್ಸ್‌ನಲ್ಲಿ ಬರ್ತಾರೆ. ಎದೆ ನೋಡೋದಕ್ಕೆ ಇಸಿಜಿ ಇದೆ. ಇದನ್ನು ಕೇಳಿಯೇ ತಿಳಿಯಬೇಕು."

ಹಾಳೆಯಲ್ಲಿ ಒಂಬತ್ತು ಪ್ರಶ್ನೆ. ಕಳೆದ ಎರಡು ವಾರದಲ್ಲಿ ಈ ತೊಂದರೆ ಎಷ್ಟು ದಿನ ಕಾಡಿತು ಎಂದು ಕೇಳಿ, ಒಂದೊಂದಕ್ಕೂ ಸೊನ್ನೆಯಿಂದ ಮೂರರವರೆಗೆ ಅಂಕ ಹಾಕಬೇಕು: ತೊಂದರೆಯೇ ಇಲ್ಲದಿದ್ದರೆ ಸೊನ್ನೆ, ಹೆಚ್ಚುಕಡಿಮೆ ದಿನಾ ಇದ್ದರೆ ಮೂರು. ಒಟ್ಟು ಇಪ್ಪತ್ತೇಳು; ಹತ್ತು ಮುಟ್ಟಿದರೆ ಡಾಕ್ಟರಿಗೆ ತಿಳಿಸಬೇಕು. ಹೃದ್ರೋಗಿಗಳಲ್ಲಿ ಒಂದು ತೊಡಕಿದೆ. ನಿದ್ದೆ ಬಾರದಿರುವುದು, ಊಟ ಸೇರದಿರುವುದು, ಸುಸ್ತು, ಇವೆಲ್ಲ ಹೃದಯದ ಕಾಯಿಲೆಯಿಂದಲೂ ಬರಬಹುದು, ಮಾತ್ರೆಯಿಂದಲೂ ಬರಬಹುದು. ಅದಕ್ಕೇ ಮೊದಲ ಎರಡು ಪ್ರಶ್ನೆ ಮುಖ್ಯ ಎಂದು ಡಾಕ್ಟರು ಕೆಂಪು ಪೆನ್ನಿನಲ್ಲಿ ಗೆರೆ ಎಳೆದುಕೊಟ್ಟರು. ಮೊದಲನೆಯದು ಹೀಗಿತ್ತು: ಕೆಲಸಗಳನ್ನು ಮಾಡುವುದರಲ್ಲಿ ಆಸಕ್ತಿ ಇಲ್ಲದಿರುವುದು.

ಒಪ್ಪಿಕೊಂಡ ಮೇಲೆ ನಾನು ಅರೆಬರೆ ಮಾಡುವವಳಲ್ಲ. ಎರಡು ತಿಂಗಳಲ್ಲಿ ಮೂವತ್ತನಾಲ್ಕು ಹಾಳೆ ತುಂಬಿಸಿದೆ. ಹೆಚ್ಚುಕಡಿಮೆ ಎಲ್ಲರದೂ ಮೊದಲನೇ ಪ್ರಶ್ನೆಗೆ ಸೊನ್ನೆ. "ನೋಡಿ ಡಾಕ್ಟ್ರೇ, ನಮ್ಮ ಜನ ಕಲ್ಲು ತಿಂದು ಕಲ್ಲು ಅರಗಿಸ್ಕೊಳ್ಳೋರು," ಎಂದು ಎದೆಯುಬ್ಬಿಸಿ ಹೇಳಿದೆ. ಅವರು ಹಾಳೆಗಳನ್ನು ತಿರುವಿ ತಿರುವಿ ನೋಡಿ, "ಇಷ್ಟೊಂದು ಸೊನ್ನೆಯಾ?" ಎಂದರು. ನನಗೆ ಸಿಟ್ಟು ಬಂತು. ನಾನೇನು ಕೂತಲ್ಲೇ ಬರೆದು ತುಂಬಿಸಿದ್ದೇನೆ ಅಂದುಕೊಂಡರೇ?

ಆ ಮೂವತ್ತನಾಲ್ವರಲ್ಲಿ ಒಬ್ಬರು ಪುಟ್ಟಮಲ್ಲಪ್ಪ. ಹಂಗಳದವರು, ಐವತ್ತೇಳು ವರ್ಷ, ಹಣೆ ತುಂಬ ವಿಭೂತಿ, ಒಗೆದ ಬಿಳಿ ಪಂಚೆ. ಗುಂಡ್ಲುಪೇಟೆಯ ತರಕಾರಿ ಮಂಡಿಯಲ್ಲಿ ಹರಾಜು ಕೂಗುವುದು ಅವರ ಕೆಲಸ. ಟೊಮೆಟೊ, ಈರುಳ್ಳಿ, ಬೀನ್ಸ್ ರಾಶಿಯ ಮೇಲೆ ನಿಂತು ಕೂಗಿದರೆ ಹೆದ್ದಾರಿಯ ಲಾರಿಯವರಿಗೂ ಕೇಳುತ್ತಿತ್ತಂತೆ. ಕೇರಳದ ವ್ಯಾಪಾರಿಗಳಿಗಾಗಿ ಮಲಯಾಳದಲ್ಲೂ ಕೂಗುತ್ತಿದ್ದರಂತೆ. ಇದನ್ನೆಲ್ಲ ಹೇಳಿದ್ದು ಅವರ ಹೆಂಡತಿ ಶಿವಮ್ಮ. ಪುಟ್ಟಮಲ್ಲಪ್ಪ ಮಾತ್ರ ಕೈಕಟ್ಟಿ ಕುಳಿತಿದ್ದರು.

ಇಸಿಜಿ ಚೆನ್ನಾಗಿತ್ತು, ಬಿಪಿ ಚೆನ್ನಾಗಿತ್ತು. ಹಾಳೆ ತೆಗೆದೆ. ಹಿಂದೆ ಇಪ್ಪತ್ತು ಜನರ ಸಾಲು.

"ಕೆಲಸ ಮಾಡೋದ್ರಲ್ಲಿ ಆಸಕ್ತಿ ಇದೆಯಾ?"

"ಅದ ಕಣವ್ವ," ಎಂದರು.

"ಖಿನ್ನತೆ ಏನಾದ್ರೂ?"

"ಕಿನ್ನತೆ? ಆ ಕಾಯ್ಲ ನಮ್ಮನೇಲಿ ಯಾರ್ಗೂ ಇಲ್ಲ ಬುಡಿ."

ನನಗೆ ನಗು ಬಂತು. ನಗುತ್ತಲೇ ಇನ್ನೊಂದು ಸೊನ್ನೆ ಹಾಕಿದೆ. ನಿದ್ದೆಗೆ ಎರಡು, ಊಟಕ್ಕೆ ಒಂದು, ಸುಸ್ತಿಗೆ ಒಂದು. ಒಟ್ಟು ನಾಲ್ಕು. 'ಖಿನ್ನತೆ ಇಲ್ಲ' ಎಂದು ಬರೆದು ಸಹಿ ಹಾಕಿ, ತಿಂಗಳ ಮಾತ್ರೆ ಕೊಟ್ಟು ಕಳಿಸಿದೆ. ಶಿವಮ್ಮ ಬಾಗಿಲ ಹತ್ತಿರ ಒಂದು ಸಲ ತಿರುಗಿ ನೋಡಿದರು. ಏನೋ ಹೇಳಬೇಕೆಂದಿದ್ದರು. ನಾನು ಆಗಲೇ "ಮುಂದಿನವರು ಬನ್ನಿ" ಎಂದಾಗಿತ್ತು.

ಮೂರನೆಯ ವಾರ ಶಿವಮ್ಮ ಒಬ್ಬರೇ ಬಂದರು. ಸೆರಗಿನಿಂದ ಮಾತ್ರೆಯ ಪಟ್ಟಿಗಳನ್ನು ತೆಗೆದು ಮೇಜಿನ ಮೇಲೆ ಒಂದೊಂದಾಗಿ ಜೋಡಿಸಿದರು.

"ಇವು ಹಂಗೇ ಉಳ್ಕಂಡವ ಕಣವ್ವ. ಸುಮ್ನ ಹಾಳಾಯ್ತವ. ಬ್ಯಾರೆ ಯಾರ್ಗಾರ ಬಡವ್ರಿಗ ಕೊಡಿ."

ಎಣಿಸಿ ನೋಡಿದೆ. ಹನ್ನೊಂದು ದಿನದ ಮಾತ್ರೆ ನುಂಗಿರಲಿಲ್ಲ. ಅದರಲ್ಲಿ ರಕ್ತ ಹೆಪ್ಪುಗಟ್ಟದಂತೆ ತಡೆಯುವ ಮಾತ್ರೆಯೂ ಇತ್ತು. ಹೊಸ ಸ್ಟೆಂಟ್ ಇರುವವರು ಅದನ್ನು ಬಿಟ್ಟರೆ ಸ್ಟೆಂಟಿನೊಳಗೇ ರಕ್ತ ಕಟ್ಟಿಕೊಂಡು ನಿಂತ ನಿಲುವಿನಲ್ಲಿ ಪ್ರಾಣ ಹೋಗಬಹುದು. ಸಿಟ್ಟು ನೆತ್ತಿಗೇರಿತು. "ಏನಮ್ಮಾ, ಬುದ್ಧಿ ಇದೆಯಾ ನಿಮಗೆ? ಇದೇನು ಉಳಿದ ಸಾಂಬಾರಾ, ಪಕ್ಕದ ಮನೆಗೆ ಕೊಡೋಕೆ? ಗಂಡನ್ನ ಕಳ್ಕೋಬೇಕು ಅಂತಿದ್ದೀರಾ?" ಎಂದು ಇಡೀ ಹೊರರೋಗಿ ವಿಭಾಗಕ್ಕೆ ಕೇಳುವಂತೆ ಬೈದೆ.

ಆಕೆ ಅಳಲಿಲ್ಲ. "ಬಯ್ಯಿ ಕಣವ್ವ, ಚೆನ್ನಾಗಿ ಬಯ್ಯಿ," ಎಂದರು. "ಆದ್ರ ನಂಗ ಬಯ್ದ್ರ ಏನ್ ಬಂತು? ನಮ್ಮನ್ಗ ಬಂದು ಅವರ್ಗ ಬಯ್ಯಿ. ನಾ ಏಳಿ ಏಳಿ ಸಾಕಾಗೋದಿ. ಮಂಡಿಗ ಓಗಲ್ರು, ಯಾರ್ ಜೊತ್ಗೂ ಮಾತಾಡಲ್ರು. ಆವತ್ತೇ ನಿಂಗ ಏಳನ ಅಂತಿದ್ದಿ, ನೀ ಮುಂದಿನೋರ್ನ ಕರ್ದ್ಬುಟ್ಟೆ."

ಆ ಮಾತು ಚುರುಕ್ಕೆಂದಿತು. ಡಾಕ್ಟರ ಕೋಣೆಗೆ ಹೋಗಿ, "ಅರ್ಧ ದಿನ ರಜೆ ಬೇಕು, ಹಂಗಳಕ್ಕೆ ಹೋಗ್ತೀನಿ," ಎಂದೆ. ಯಾಕೆ ಎಂದು ಕೇಳಿದರು. ಮಾತ್ರೆ ಪಟ್ಟಿ ತೋರಿಸಿದೆ. ಅವರು ತಮ್ಮ ಫೋನ್ ನಂಬರು ಬರೆದುಕೊಟ್ಟು, "ಅಲ್ಲಿಂದಲೇ ಕರೆ ಮಾಡಿ," ಎಂದರು.

ಆ ಪಟ್ಟಿಗಳನ್ನು ಬ್ಯಾಗಿಗೆ ಹಾಕಿಕೊಂಡು ಶಿವಮ್ಮನ ಜೊತೆಗೇ ಬಸ್ಸು ಹತ್ತಿದೆ. ಅದು ತೆರಕಣಾಂಬಿಯಲ್ಲಿ ನಿಂತಾಗ ನನ್ನ ಓಣಿ ಕಾಣಿಸಿತು. ಇಳಿದು ತಂಗಿಯ ಮನೆಯಲ್ಲಿ ಒಂದು ಮುದ್ದೆ ಉಂಡು ಹೊರಡುವುದು ನನ್ನ ರೂಢಿ. ಆ ದಿನ ಏಳಲಿಲ್ಲ. ಗುಂಡ್ಲುಪೇಟೆಯಲ್ಲಿ ಬಸ್ಸು ಬದಲಿಸಿ ಹಂಗಳಕ್ಕೆ ಇಳಿದಾಗ ಎರಡು ಗಂಟೆ ದಾಟಿತ್ತು.

ಪುಟ್ಟಮಲ್ಲಪ್ಪ ಜಗುಲಿಯ ಮೇಲೆ ಗೋಡೆಗೊರಗಿ ಕುಳಿತಿದ್ದರು. ನನ್ನನ್ನು ನೋಡಿ ಗಡಬಡಿಸಿ ಎದ್ದರು. "ಬನ್ನಿ ಸಿಸ್ಟ್ರೇ, ಬನ್ನಿ. ಏ ಶಿವಮ್ಮಿ, ಕಾಪಿ ಇಡು." ನಡೆನುಡಿಯಲ್ಲಿ ಏನೂ ಕಮ್ಮಿಯಿಲ್ಲ. ಗಡ್ಡ ಮಾತ್ರ ವಾರದ್ದಿತ್ತು. ಬೈಯಲು ಬಂದವಳು ಬೈಗುಳವನ್ನು ಪಕ್ಕಕ್ಕಿಟ್ಟೆ. ಹಾಳೆ ತೆಗೆದು, ಆಸ್ಪತ್ರೆಯಲ್ಲಿ ಓದಿದಂತೆಯೇ ಮತ್ತೆ ಓದಿದೆ. "ಕೆಲಸ ಮಾಡೋದ್ರಲ್ಲಿ ಆಸಕ್ತಿ..."

ಮುಗಿಸಲು ಬಿಡಲಿಲ್ಲ. "ಆವತ್ತೇ ಏಳುದ್ನಲ್ಲ, ಅದ ಅಂತ. ನಂಬ್ಕ ಇಲ್ವಾ?" ಎಂದವರೇ ಅಂಗಳಕ್ಕಿಳಿದು, ತುಂಬಿದ ನೀರಿನ ಬಿಂದಿಗೆಯನ್ನು ಒಂದೇ ಕೈಯಲ್ಲಿ ಎತ್ತಿ ಹಿಡಿದರು. "ನೋಡ್ಕಳಿ. ಎಲ್ಲೋಗದ ಆ ಸಕ್ತಿ?"

"ಅಯ್ಯೋ, ಇಳಿಸಿ ಅಣ್ಣಾ, ಇಳಿಸಿ!" ಎಂದು ಕೂಗಿಕೊಂಡೆ. ಅವರು ಬಿಂದಿಗೆ ಇಳಿಸಿದರು. "ಯಾವ ಸಕ್ತಿ ಅಣ್ಣಾ?"

"ನೀವೇ ಕೇಳುದ್ರಲ್ಲ ಕಣವ್ವ, ಕೆಲ್ಸ ಮಾಡಕ ಆ ಸಕ್ತಿ ಅದಾ ಅಂತ."

ನಾನು ಜಗುಲಿಯ ಮೇಲೆ ಕುಕ್ಕರಿಸಿದೆ. ನಮ್ಮ ಕಡೆ ಶಕ್ತಿಗೆ ಸಕ್ತಿ ಎನ್ನುತ್ತಾರೆ. ಆಸಕ್ತಿ ಎಂಬ ಮಾತು ನಮ್ಮ ಓಣಿಯಲ್ಲಿ ಯಾರ ಬಾಯಲ್ಲೂ ಇಲ್ಲ, ನನ್ನವ್ವ ಒಂದು ದಿನವೂ ಆಡಿದವಳಲ್ಲ. ಎರಡು ತಿಂಗಳು ನಾನು ಕೇಳಿದ್ದು ಮನಸ್ಸಿನ ಮಾತು, ಅವರು ಹೇಳಿದ್ದು ತೋಳಿನ ಮಾತು. ಸ್ಟೆಂಟ್ ಹಾಕಿಸಿಕೊಂಡು ಬಂದ ಗಂಡಸರು ಹೆಂಡತಿಯ ಎದುರು 'ಸಕ್ತಿ ಇಲ್ಲ' ಎಂದು ಹೇಳುತ್ತಾರೆಯೇ? ಡಾಕ್ಟರು ಕರಾವಳಿಯವರು, ಅವರಿಗೆ ತಿಳಿಯದಿದ್ದರೆ ತಪ್ಪಿಲ್ಲ. ತೆರಕಣಾಂಬಿಯಲ್ಲಿ ಹುಟ್ಟಿದ ನನಗೆ ಏನಾಗಿತ್ತು ಧಾಡಿ?

ಹಾಳೆ ಮಡಿಸಿ ಬ್ಯಾಗಿಗೆ ಹಾಕಿದೆ. ಆಸ್ಪತ್ರೆಯ ಕನ್ನಡವನ್ನೂ ಅದರ ಜೊತೆಯಲ್ಲೇ ಹಾಕಿದೆ.

"ಅಣ್ಣಾ, ಮಂಡಿಗ ಓಗಕ ಮನ್ಸಾದದಾ?"

ಅವರು ಬಂದು ಮತ್ತೆ ಗೋಡೆಗೊರಗಿ ಕುಳಿತರು. ಶಿವಮ್ಮ ಕಾಫಿ ಲೋಟ ಹಿಡಿದು ಬಾಗಿಲಲ್ಲೇ ನಿಂತರು.

"ಸಕ್ತಿ ಬೇಕಾದಷ್ಟದ ಕಣವ್ವ," ಎಂದರು ಪುಟ್ಟಮಲ್ಲಪ್ಪ ಕೊನೆಗೆ. "ಮನ್ಸೇ ಇಲ್ಲ."

ಆಮೇಲೆ ಒಂದೊಂದಾಗಿ ಬಂತು. ಕೂಗಲು ಬಾಯಿ ತೆರೆದರೆ ಎದೆ ಬಿರಿದುಹೋಗುತ್ತದೆಂಬ ಭಯ. ಮಂಡಿಯವರು ಎದುರು ಸಿಕ್ಕರೆ ಅಡ್ಡದಾರಿ. ಬೆಳಗಿನ ಜಾವ ಎಚ್ಚರವಾದರೆ, ಯಾಕಾದರೂ ಬೆಳಗಾಯಿತೋ ಎಂಬ ಸಂಕಟ. ಹಾಳೆಯ ಒಂಬತ್ತನೆಯ ಪ್ರಶ್ನೆ ಸಾಯುವ ಯೋಚನೆಯದು. ಅದನ್ನು ಸುತ್ತಿಬಳಸದೆ ಕೇಳಬೇಕು. ಕೇಳಿದರೆ ಇಲ್ಲದ ಯೋಚನೆ ಹುಟ್ಟುತ್ತದೆ ಎಂಬುದು ಸುಳ್ಳು. ಕೇಳಿದೆ. ಅವರು ಹೆಂಡತಿಯ ಕಡೆ ನೋಡಲಿಲ್ಲ.

"ಮಾತ್ರ ನುಂಗುದ್ರ ಇನ್ನೂ ಅಷ್ಟು ದಿನ ಇರ್ಬೇಕಲ್ಲ ಅನ್ಸ್ತು. ಅದ್ಕ ಬುಟ್ಬುಟ್ಟಿ."

"ಅಯ್ಯೋ ನನ್ನಪ್ಪಾ, ನಂಗೊಂದು ಮಾತ್ ಏಳ್ಬಾರ್ದಾಗಿತ್ತಾ," ಎಂದು ಶಿವಮ್ಮ ಲೋಟ ಕೆಳಗಿಟ್ಟು ಅತ್ತರು. ನನಗೂ ಅಳು ಬಂತು. ಅತ್ತರೆ ಕೆಲಸ ಕೆಡುತ್ತದೆ ಎಂದು ಮೂಗು ಒರೆಸಿಕೊಂಡು ಲೆಕ್ಕ ಹಾಕಿದೆ. ನಾನು ನಾಲ್ಕು ಎಂದು ಸಹಿ ಮಾಡಿದ್ದ ಮನುಷ್ಯನ ಅಂಕ ಹದಿನೆಂಟು.

ಡಾಕ್ಟರಿಗೆ ಫೋನ್ ಮಾಡಿದೆ. ರಕ್ತದ ಮಾತ್ರೆಯನ್ನು ಈಗಲೇ ಎಷ್ಟು ಕೊಡಬೇಕೆಂದು ಹೇಳಿದರು. ನಾಳೆ ಬೆಳಿಗ್ಗೆ ಕರೆತರಲೇಬೇಕು, ಮನೋವೈದ್ಯರನ್ನೂ ಕರೆಸಿರುತ್ತೇನೆ, ಅಲ್ಲಿಯವರೆಗೆ ಒಬ್ಬರನ್ನೇ ಬಿಡಬೇಡಿ ಎಂದರು.

ಮನೋವೈದ್ಯರು ಎಂದ ಕೂಡಲೇ ಪುಟ್ಟಮಲ್ಲಪ್ಪ ಮುಖ ತಿರುಗಿಸಿದರು. "ಬ್ಯಾಡ ಬುಡಿ. ಮಲ್ಲಪ್ಪನ್ಗ ತಲ ಕೆಟ್ಟೋಗದ ಅಂತಾರ ಊರ್ನೋರು."

"ಅನ್ನಲಿ ಬುಡಿ. ಎದ ಕೆಟ್ಟಾಗ ಎದ ಡಾಕ್ಟ್ರ ತಾವ್ಕ ಓಗ್ಲಿಲ್ವಾ? ತಪ್ಪು ಬರ್ದೋಳು ನಾನು ಕಣಣ್ಣ. ತಿದ್ದಕ ಬಂದಿವ್ನಿ, ತಿದ್ದಗಂಟ ಈ ಜಗುಲಿ ಬುಟ್ಟು ಏಳಲ್ಲ."

ಕೊನೆಯ ಬಸ್ಸು ತಪ್ಪುತ್ತದೆ ಎಂದರು. ತಪ್ಪಲಿ ಎಂದೆ. ಅವರೂ ಏಳಲಿಲ್ಲ, ನಾನೂ ಏಳಲಿಲ್ಲ. ನೆರಳು ಅಂಗಳದಾಚೆಗೆ ಸರಿಯಿತು. ಐದು ಗಂಟೆಯ ಹೊತ್ತಿಗೆ ಅವರು, "ನಿಮ್ಮಪ್ಪ ಯಾರವ್ವ? ಈ ಪಾಟಿ ಹಟ ಎಲ್ಲಿಂದ ಬಂತು?" ಎಂದು ಕೇಳಿ, ಮಾತ್ರೆಗೆ ಕೈ ಚಾಚಿದರು. ನನ್ನೆದುರಿಗೇ ನುಂಗಿದರು.

ಮಾರನೆಯ ದಿನ ಮೊದಲ ಬಸ್ಸಿಗೆ ಗಂಡ ಹೆಂಡತಿ ಬಂದರು. ಚಿಕಿತ್ಸೆ ಶುರುವಾಯಿತು: ಮನಸ್ಸಿಗೆ ಒಂದು ಮಾತ್ರೆ, ವಾರಕ್ಕೊಮ್ಮೆ ಕೂತು ಮಾತು, ದಿನಾ ಅರ್ಧ ಗಂಟೆ ನಡಿಗೆ. ಎಲ್ಲ ನೆಟ್ಟಗೆ ಸಾಗಲಿಲ್ಲ. ಎರಡನೆಯ ತಿಂಗಳು, "ಏನೂ ಉಪಯೋಗ ಇಲ್ಲ" ಎಂದು ಬರುವುದನ್ನೇ ನಿಲ್ಲಿಸಿದರು. ಶಿವಮ್ಮ ಬೈದು ಎಳೆದುಕೊಂಡು ಬಂದರು. ಬೈಯುವುದರಲ್ಲಿ ಆಕೆ ನನ್ನನ್ನೂ ಮೀರಿಸಿದ್ದರು.

ಡಾಕ್ಟರ ಮುಂದೆ ಮೂವತ್ತನಾಲ್ಕೂ ಹಾಳೆ ಇಟ್ಟು, "ಇವನ್ನ ನಂಬಬೇಡಿ, ನಾನು ಕೇಳಿದ್ದು ಅವರಿಗೆ ಮುಟ್ಟಿಲ್ಲ," ಎಂದೆ. ಅವರು ಬೈಯಲಿಲ್ಲ. ಇಂಥ ಹಾಳೆಯ ವಾಕ್ಯವನ್ನು ನಾವು ನಾವೇ ತಿದ್ದುವಂತಿಲ್ಲ, ತಿದ್ದಿದರೆ ಅಂಕದ ಬೆಲೆ ಕೆಡುತ್ತದೆ, ಅದಕ್ಕೆ ಪರೀಕ್ಷೆ, ಒಪ್ಪಿಗೆ ಎಲ್ಲ ಬೇಕು ಎಂದು ವಿವರಿಸಿದರು. ಒಪ್ಪಿಗೆ ಕೋರಿ ಮೇಲಿನವರಿಗೆ ಬರೆದು ಕಳಿಸಿದರು ಕೂಡ. ಅಲ್ಲಿಯವರೆಗೆ ಅಚ್ಚಾದ ಪ್ರಶ್ನೆಯನ್ನು ಓದಿ, ಅರ್ಥವಾಯಿತೇ ಎಂದು ಕೇಳಿ, ಆಗದಿದ್ದರೆ ಕೆಳಗೆ ಪೆನ್ಸಿಲಿನಲ್ಲಿ ಬರೆದದ್ದನ್ನು ಹೇಳುವುದೆಂದು ಗೊತ್ತುಮಾಡಿಕೊಂಡೆವು. ಪೆನ್ಸಿಲಿನ ಅಕ್ಷರ ನನ್ನದು: ಕೆಲ್ಸ ಮಾಡಕ ಮನ್ಸಾದದಾ? ಹಳೆಯ ರೋಗಿಗಳಿಗೆಲ್ಲ ಫೋನ್ ಮಾಡಿ, ಮನೆಗೆ ಹೋಗಿ, ಒಬ್ಬರನ್ನೂ ಬಿಡದೆ ಮತ್ತೆ ಕೇಳಿದೆ. ಸೊನ್ನೆಗಳೆಲ್ಲ ಸೊನ್ನೆಯಾಗಿ ಉಳಿಯಲಿಲ್ಲ.

ಬಿಪಿ ಪಟ್ಟಿ ತೋಳಿಗೆ ಸರಿಯಾಗಿ ಕೂರದಿದ್ದರೆ ಅಂಕಿ ಸುಳ್ಳಾಗುತ್ತದೆ ಎಂದು ಹೊಸ ನರ್ಸುಗಳಿಗೆ ನಾನೇ ಗದರಿ ಗದರಿ ಕಲಿಸಿದವಳು. ಮಾತಿಗೂ ಅದೇ ನಿಯಮ ಎಂಬುದು ನನಗೆ ತಿಳಿಯಲು ಮೂವತ್ತೆರಡು ವರ್ಷ ಸರ್ವಿಸ್ ಬೇಕಾಯಿತು, ಹಂಗಳದ ಒಂದು ಬಿಂದಿಗೆ ನೀರೂ ಬೇಕಾಯಿತು.

ಎಂಟನೆಯ ತಿಂಗಳ ತಪಾಸಣೆಗೆ ಪುಟ್ಟಮಲ್ಲಪ್ಪ ಶಿವಮ್ಮನ ಜೊತೆ ನುಣ್ಣಗೆ ಗಡ್ಡ ಹೆರೆಸಿಕೊಂಡು ಬಂದರು. ಡಾಕ್ಟರ ಒಪ್ಪಿಗೆ ಪಡೆದು ಮತ್ತೆ ಮಂಡಿಗೆ ಹೋಗುತ್ತಿದ್ದರು. ಹಾಳೆ ತೆಗೆದು, ಪೆನ್ಸಿಲಿನ ಸಾಲು ಓದಿದೆ. "ಕೆಲ್ಸ ಮಾಡಕ ಮನ್ಸಾದದಾ ಅಣ್ಣಾ?"

"ಮನ್ಸದ ಕಣವ್ವ, ಬೇಕಾದಷ್ಟದ," ಎಂದು ನಕ್ಕರು. ಆಮೇಲೆ ಶಿವಮ್ಮನ ಕಡೆ ನೋಡಿ, ದನಿ ತಗ್ಗಿಸಿ ಹೇಳಿದರು: "ಸಕ್ತಿನೇ ಸಾಲ್ದು. ನಾಕು ರಾಶಿ ಕೂಗದ್ರೊಳ್ಗ ದಮ್ಮು ಬತ್ತದ."

"ದಮ್ಮಿಗ ಒಳ್ಗ ಡಾಕ್ಟ್ರು ಅವ್ರ, ನಡೀರಿ," ಎಂದು ಕಳಿಸಿ, ಮೊದಲನೇ ಪ್ರಶ್ನೆಯ ಮುಂದೆ ಸೊನ್ನೆ ಬರೆದೆ.