ಕಟಕಟೆಯಲ್ಲಿ ನಿಂತ ಜಡ್ಜ್ ಸಾಹೇಬರು

ಮಾತು ಶುರುವಾಗುವ ಮೊದಲೇ ಅವರು ಎದುರಿನವರ ಮಣಿಕಟ್ಟು ಹಿಡಿದುಬಿಡುತ್ತಿದ್ದರು. ಅಗಲವಾದ, ಒರಟಾದ, ಸದಾ ಬೆಚ್ಚಗಿರುವ ಅಂಗೈ. ನಾಡಿ ನೋಡುವವರ ಹಾಗೆ ಹಿಡಿದರೆಂದರೆ ಮಾತು ಮುಗಿಯುವ ತನಕ ಬಿಡುತ್ತಿರಲಿಲ್ಲ. ಮುಡಬಿಯ ನಮ್ಮ ಮನೆಯ ಪಡಸಾಲೆಯಲ್ಲಿ ಆ ಕೈಗೆ ಸಿಕ್ಕು ಎಷ್ಟೋ ಜನರ ಚಹಾ ಆರಿಹೋಗಿದೆ.

ಆಗ ಅವರು ಬಸವಕಲ್ಯಾಣದಲ್ಲಿ ವಕೀಲರು, ಚುನಾವಣೆಗೆ ನಿಂತಿದ್ದರು. ಪ್ರಚಾರಕ್ಕೆ ನಮ್ಮ ಕಡೆ ಬಂದರೆ ಊಟ ನಮ್ಮಲ್ಲೇ. ಅವ್ವ ಬಡಿದ ಬಿಸಿ ರೊಟ್ಟಿಗೆ ಪುಂಡಿಪಲ್ಯ ಹಚ್ಚಿಕೊಂಡು, ಮೇಲೆ ಹಸಿ ಉಳ್ಳಾಗಡ್ಡಿ ಕಡಿಯುತ್ತ ಊರಿನ ಕಷ್ಟ ಕೇಳುತ್ತಿದ್ದರು. ಊರೆಲ್ಲ ಅವರನ್ನು ಸಾಹೇಬರು ಎನ್ನುತ್ತಿತ್ತು, ನಾವೂ ಹಾಗೇ ಅಂದೆವು. ನನ್ನ ಅಣ್ಣ ಅವರ ಜೀಪು ಬಿಟ್ಟು ಇಳಿಯುತ್ತಿರಲಿಲ್ಲ. ಅವನನ್ನು ಎಲ್ಲರೂ ‘ಸಾಹೇಬರ ಹುಡುಗ’ ಎಂದೇ ಕರೆಯುತ್ತಿದ್ದರು, ಆ ಹೆಸರಿಗೆ ಅವನು ಉಬ್ಬಿಹೋಗುತ್ತಿದ್ದ.

ನನ್ನ ಪಿಯುಸಿ ಮುಗಿದಿತ್ತು. ನಿರ್ಣಾದ ಕಡೆಯ ಒಂದು ಸಂಬಂಧಕ್ಕೆ ಅಪ್ಪ ಮಾತು ಕೊಡುವುದರಲ್ಲಿದ್ದ. ಅದು ಸಾಹೇಬರ ಕಿವಿಗೆ ಬಿತ್ತು. ಉಂಡು ಕೈ ತೊಳೆದವರೇ ಅಪ್ಪನ ಮಣಿಕಟ್ಟು ಹಿಡಿದರು.

“ಹುಡುಗಿನ್ನ ಕಾಲೇಜಿಗಿ ಹಚ್ರಿ.”

“ಹೆಣ್ಣಮಕ್ಕಳು ಓದಿ ಏನ್ ಮಾಡೂದದರಿ ಸಾಹೇಬ್ರ?”

“ನೀವು ಹ್ಞೂಂ ಅನ್ನೂತನಕ ಕೈ ಬಿಡಂಗಿಲ್ರಿ. ನನಗೇನು, ಇಲ್ಲೇ ಉಂಡೀನಿ, ಇಲ್ಲೇ ಮಲಕೋತೀನಿ.”

ಹೊಲಕ್ಕೆ ಹೊರಟಿದ್ದ ಅಪ್ಪ ಒಂದು ಕೈಯಲ್ಲಿ ಟವೆಲ್ ಹಿಡಿದು ಚಡಪಡಿಸಿದ, ಸಿಟ್ಟಾದ, ಕಡೆಗೆ ನಕ್ಕು ಹ್ಞೂಂ ಎಂದ. ಇವತ್ತು ನಾನು ಹುಮನಾಬಾದಿನಲ್ಲಿ ಮಕ್ಕಳಿಗೆ ಪಾಠ ಹೇಳುತ್ತಿದ್ದರೆ ಅದು ಆ ಹ್ಞೂಂ ಒಂದರಿಂದ.

ಸಾಹೇಬರು ಗೆದ್ದರು. ಗೆದ್ದ ದಿನದ ಮೆರವಣಿಗೆಯಲ್ಲಿ ಗುಲಾಲು ಮೆತ್ತಿಕೊಂಡ ಅಣ್ಣ ಜೀಪಿನ ಪಕ್ಕದಲ್ಲಿ ಬಾವುಟದ ಕೋಲು ಹಿಡಿದು ನಿಂತಿದ್ದ. ದಾರಿಯಲ್ಲಿ ಒಂದು ಆಟೋ ಪಲ್ಟಿಯಾಯಿತು, ಪಾಪ, ಓಡಿಸುವವನ ಒಂದು ಕಣ್ಣು ಹೋಯಿತು ಎಂದು ರಾತ್ರಿ ಬಂದು ಅಣ್ಣನೇ ಹೇಳಿದ. ಠಾಣೆಯಲ್ಲೂ ಹಾಗೇ ಬರೆದುಕೊಂಡರಂತೆ. ನಾವು ನಂಬಿದೆವು.

ಎಂ.ಎಲ್.ಎ. ಆದ ಮೇಲೆ ಸಾಹೇಬರ ಒಂದು ಕೈಯಲ್ಲಿ ಜನರ ಮಣಿಕಟ್ಟು, ಇನ್ನೊಂದರಲ್ಲಿ ಫೋನು. ಯಾರದೋ ವರ್ಗಾವಣೆ, ಯಾರಿಗೋ ದವಾಖಾನೆಯಲ್ಲಿ ಮಂಚ, ಎಲ್ಲದಕ್ಕೂ ಒಂದೇ ಮಾತು: “ನಮ್ಮವಾ ಅದಾನ್ರಿ, ಸ್ವಲ್ಪ ನೋಡ್ರಿ.” ಆ ಮಾತಿಗೆ ಬಾಗಿಲು ತೆರೆಯುವುದನ್ನು ನಾನೇ ಕಣ್ಣಾರೆ ಕಂಡಿದ್ದೇನೆ. ಅಣ್ಣ ಅದನ್ನು ಅವರದೇ ಧ್ವನಿಯಲ್ಲಿ ಹೇಳಿ ಮನೆಮಂದಿಯನ್ನು ನಗಿಸುತ್ತಿದ್ದ.

ಮುಂದಿನ ಸಲ ಪಕ್ಷ ಅವರಿಗೆ ಟಿಕೆಟ್ ಕೊಡಲಿಲ್ಲ. ಬೇರೆ ಪಕ್ಷಕ್ಕೆ ಹಾರುತ್ತಾರೆಂದು ಎಲ್ಲರೂ ಕಾದರೆ, ಅವರು ಜಿಲ್ಲಾ ನ್ಯಾಯಾಧೀಶರ ಪರೀಕ್ಷೆಗೆ ಕೂತರು! ಅಪ್ಪನಿಗೆ ನಂಬಿಕೆಯೇ ಬರಲಿಲ್ಲ. “ಎಮ್ಮೆಲ್ಯೆ ಇದ್ದ ಮನಷ್ಯಾ ಹುಡುಗರ ಗತೆ ಪರೀಕ್ಷಾ ಬರೀತಾನೇನು?” ಎಂದ. ಬರೆದರು, ಪಾಸಾದರು, ಜಡ್ಜ್ ಆಗಿ ದೂರದ ಜಿಲ್ಲೆಗೆ ಹೋದರು. ಅದೇ ವರ್ಷ ಅಪ್ಪ ತೀರಿಕೊಂಡ. ಮಾತಾಡಿಸಲು ಬಂದ ಸಾಹೇಬರು ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡು ನಿಂತಿದ್ದರು. ಯಾರ ಮಣಿಕಟ್ಟನ್ನೂ ಹಿಡಿಯಲಿಲ್ಲ. ನನಗೆ ಬೇರೆ ಯಾರೋ ಬಂದುಹೋದ ಹಾಗಾಯಿತು.

ಆಮೇಲೆ ಸಿಡಿಲು ಬಡಿಯಿತು. ಆಟೋದವನ ಹೆಂಡತಿ ವರ್ಷಗಟ್ಟಲೆ ಅಲೆದು, ಕಡೆಗೆ ಕೋರ್ಟಿನ ಮೂಲಕ ಅಣ್ಣನ ಮೇಲೆ ಕೇಸು ಹಾಕಿಸಿದ್ದಳು. ಮೆರವಣಿಗೆಗೆ ದಾರಿ ಬಿಡಲಿಲ್ಲವೆಂದು ಬಾವುಟದ ಕೋಲಿನಿಂದ ಅಣ್ಣ ಹೊಡೆದ, ಕಣ್ಣು ಹೋದದ್ದು ಆ ಏಟಿಗೆ ಎಂದು ಅವಳ ದೂರು. ವಿಚಾರಣೆಯಲ್ಲಿ ಅವಳು, “ಸಾಹೇಬ್ರು ಜೀಪಿನಾಗೇ ಇದ್ರು, ಅವ್ರನ್ನೇ ಕೇಳ್ರಿ” ಎಂದಳು. ಸಾಹೇಬರಿಗೆ ಸಮನ್ಸ್ ಹೋಯಿತು.

ನಮಗೆ ಹೆದರಿಕೆ ಇರಲಿಲ್ಲ. “ನೆನಪಿಲ್ಲ ಅಂದ್ರ ಮುಗೀತು” ಎಂದರು ನಮ್ಮ ವಕೀಲರು. “ನಮ್ಮನೀ ರೊಟ್ಟಿ ತಿಂದವ, ನಮ್ಮ ಹುಡುಗನ ವಿರುದ್ಧ ಹೇಳ್ತಾನೇನು?” ಎಂದಳು ಅವ್ವ.

ಬಸವಕಲ್ಯಾಣದ ಕೋರ್ಟಿನಲ್ಲಿ ಅವತ್ತು ಕಾಲಿಡಲು ಜಾಗವಿರಲಿಲ್ಲ. ಸ್ವತಃ ಜಡ್ಜ್ ಆದವರು ಸಾಕ್ಷಿ ಹೇಳಲು ಬಂದಿದ್ದಾರೆಂದು, ಪೀಠದ ಮೇಲಿದ್ದ ಎಳೆಯ ವಯಸ್ಸಿನ ನ್ಯಾಯಾಧೀಶರು ಕುರ್ಚಿ ಹಾಕಿಸಿದರು. ಸಾಹೇಬರು ಕೂರಲಿಲ್ಲ.

“ಬ್ಯಾಡ್ರಿ. ಸಾಕ್ಷಿದಾರರು ಎಲ್ಲಿ ನಿಲ್ತಾರ ಅಲ್ಲೇ ನಿಲ್ತೀನಿ.”

ಕಟಕಟೆ ಹತ್ತಿ ಪ್ರಮಾಣ ಮಾಡಿದರು. ಸರ್ಕಾರಿ ವಕೀಲರು ಕೇಳಿದ್ದಕ್ಕೆ, ಅಣ್ಣನ ಕಡೆ ನೇರವಾಗಿ ನೋಡಿ ಹೇಳಿದರು: “ಹೊಡದದ್ದು ನಾ ನೋಡೀನಿ. ಇವನೇ. ಆವತ್ತ ಸಂಜೀಕ ಠಾಣೆಗಿ ಫೋನ್ ಹಚ್ಚಿ, ಆಟೋ ಪಲ್ಟಿ ಆಗ್ಯಾದ ಅಂತ ಬರ್ಕೋರಿ, ನಮ್ಮವಾ ಅದಾನ್ರಿ, ಸ್ವಲ್ಪ ನೋಡ್ರಿ ಅಂದವಾ ನಾನೇ.”

ಅವ್ವನ ಬಾಯಿ ತೆರೆದದ್ದು ತೆರೆದೇ ಇತ್ತು. ನಮ್ಮ ವಕೀಲರು ತಡವರಿಸುತ್ತ ಎದ್ದರು. “ಇಷ್ಟ ವರ್ಷ ಯಾಕ ಸುಮ್ಮನಿದ್ರಿ ಮತ್ತ?”

“ಆಗ ನನಗ ಓಟು ಬೇಕಿತ್ರಿ. ಈಗ ದಿನಾ ನನ್ನ ಮುಂದ ಮಂದಿ ಬಂದು ಪ್ರಮಾಣ ಮಾಡ್ತಾರ. ಬಡವರು, ಅಂಜಿಕೊಂಡವರು. ನಾ ಹೇಳದೇ ಅವ್ರಿಗಿ ಖರೇ ಹೇಳ್ರಿ ಅಂತ ಹ್ಯಾಂಗ ಅನ್ಲಿ?”

ಮೆಟ್ಟಿಲ ಬಳಿ ಎದುರಾದಾಗ ಮೆಲ್ಲಗೆ “ತಂಗೀ” ಎಂದರು. ನಾನು ಮುಖ ತಿರುವಿದೆ. ನನ್ನನ್ನು ಓದಿಸಿದವರೇ ನನ್ನ ಒಡಹುಟ್ಟಿದವನನ್ನು ಜೈಲಿಗೆ ತಳ್ಳಿದ್ದರು. ಅವರ ಮೇಲೆ ನನಗೆ ಬಂದಷ್ಟು ಸಿಟ್ಟು ಬೇರೆ ಯಾರ ಮೇಲೂ ಬಂದಿಲ್ಲ.

ಅಣ್ಣನಿಗೆ ಎರಡು ವರ್ಷ ಶಿಕ್ಷೆಯಾಯಿತು. ಸಾಹೇಬರ ಮೇಲೂ ವಿಚಾರಣೆ ಕೂತಿತು. ಅದು ಮುಗಿಯುವ ಮೊದಲೇ ರಾಜೀನಾಮೆ ಕೊಟ್ಟು ಬಸವಕಲ್ಯಾಣದ ಮನೆಗೆ ಬಂದು ಕೂತರು. ಜಡ್ಜಗಿರಿಯೂ ಹೋಯಿತು, ಹಳೇ ಜನವೂ ಹೋಯಿತು.

ಬಿಡುಗಡೆಯಾದ ದಿನ ಅಣ್ಣ ಮನೆಗೆ ಬರಲಿಲ್ಲ. ಸಾಹೇಬರ ಮನೆ ಕಡೆ ಹೋದ ಎಂದು ಯಾರೋ ಅಂದರು. ಏನು ಅನಾಹುತ ಮಾಡುತ್ತಾನೋ ಎಂದು ನಾನು ಹುಮನಾಬಾದಿನಿಂದ ಸಿಕ್ಕ ಬಸ್ಸು ಹತ್ತಿ ಓಡಿದೆ. ಹೋಗಿ ನೋಡಿದರೆ ಇಬ್ಬರೂ ಕಟ್ಟೆಯ ಮೇಲೆ ಕೂತಿದ್ದಾರೆ! ಅಣ್ಣನ ಮಣಿಕಟ್ಟು ಅವರ ಕೈಯಲ್ಲಿತ್ತು.

“ಎರಡ ವರ್ಷ ಇವಾ ಒಬ್ಬನೇ ಒಳಗಿದ್ದ ತಂಗೀ,” ಎಂದರು ಸಾಹೇಬರು. “ಅದ್ರಾಗ ಒಂದು ನಂದಿತ್ತು.”

ನಾನು ಕಟ್ಟೆ ಹತ್ತದೆ ಹಿಂದಿರುಗಿದೆ. ಅಲ್ಲಿಂದ ಮುಂದೆ ಅಣ್ಣ ಆಗಾಗ ಹೋಗಿ ಅವರ ಜೊತೆ ಕೂತು ಬರುತ್ತಿದ್ದ. ನಾನು ಹೋಗಲಿಲ್ಲ.

ಮಳೆಗಾಲ ಶುರುವಾಗುವ ಹೊತ್ತಿಗೆ ಶಾಲೆಗೆ ಫೋನು ಬಂತು. ಬೆಳಿಗ್ಗೆ ಚಹಾ ಕುಡಿಯುತ್ತ ಕೂತಿದ್ದ ಸಾಹೇಬರು ಹಾಗೇ ಹೋಗಿಬಿಟ್ಟಿದ್ದರು. ಸೀಮೆಸುಣ್ಣ ಕೈಯಲ್ಲಿರುವಾಗಲೇ ಬಸ್ ಸ್ಟ್ಯಾಂಡಿಗೆ ಬಂದಿದ್ದೆ.

ವಿಭೂತಿ ಹಚ್ಚಿ, ಹೂವಿನ ನಡುವೆ ಅವರನ್ನು ಕೂರಿಸಿದ್ದರು. ಜನ ಹೆಚ್ಚಿರಲಿಲ್ಲ. ಬಾಗಿಲ ಹತ್ತಿರ ಕಪ್ಪು ಕನ್ನಡಕ ಹಾಕಿಕೊಂಡು ಆ ಆಟೋದವನು ನಿಂತಿದ್ದ, ಪಕ್ಕದಲ್ಲಿ ಅವನ ಹೆಂಡತಿ. ಪಕ್ಷದ ಹಳೇ ಕಾರ್ಯಕರ್ತರೊಬ್ಬರು ಅಣ್ಣನ ಬಳಿ ಕೂತು ಸಮಾಧಾನದ ಧಾಟಿಯಲ್ಲಿ, “ಏನರೆ ಅನ್ನು, ಈ ಮನಷ್ಯಾ ನಿನಗ ದಗಾ ಮಾಡಿದ” ಎಂದರು.

ಅಣ್ಣ ಎದ್ದು ನಿಂತ. ಮೊದಲು ಆಟೋದವನ ಕಡೆ ನೋಡಿದ.

“ಇಲ್ರಿ. ಇವನ ಕಣ್ಣು ತೆಗದವಾ ನಾನು. ಸಾಹೇಬ್ರು ನೋಡಿದ್ದು ಹೇಳ್ಯಾರ, ಅಷ್ಟ.”

ಕೋರ್ಟಿನಲ್ಲಿ ಹೇಳದ್ದು, ಅವ್ವನಿಗೆ ಹೇಳದ್ದು, ನನಗೆ ಒಮ್ಮೆಯೂ ಹೇಳದ್ದನ್ನು ಅವನು ಅಲ್ಲಿ ಹೇಳಿಬಿಟ್ಟಿದ್ದ. ಆಟೋದವನ ಹೆಂಡತಿ ಸೆರಗನ್ನು ಬಾಯಿಗೆ ಒತ್ತಿಕೊಂಡಳು.

ನಾನು ಸಾಹೇಬರ ಹತ್ತಿರ ಹೋಗಿ ಕೂತು, ಹೂವು ಸರಿಸಿ, ಅವರ ಮಣಿಕಟ್ಟು ಹಿಡಿದೆ. ತಣ್ಣಗಿತ್ತು. ಮಣ್ಣಿಗೆ ಒಯ್ಯಲು ಎತ್ತುವಾಗ ಅಣ್ಣ ಬಂದು ಬಿಡಿಸುವ ತನಕ ಬಿಡಲಿಲ್ಲ.