ಬಿಚ್ಚಿಕೊಳ್ಳದ ರೆಕ್ಕೆ

ಘಣಸೋಲಿಯ ನಮ್ಮ ಫ್ಲ್ಯಾಟಿನ ಬಾಲ್ಕನಿಯಲ್ಲಿ ಅತ್ತೆಯ ನಂದಿಬಟ್ಟಲು ಗಿಡವಿದೆ. ದೇವರಿಗೆ ಅದರದೇ ಹೂವಾಗಬೇಕು. ಕಳೆದ ಮಳೆಗಾಲದ ಒಂದು ಬೆಳಿಗ್ಗೆ ಅವರು ಅಲ್ಲಿಂದಲೇ ಕೂಗಿದರು.

"ಎಂತ ಮಾರಾಯ್ತಿ ಇದು! ಗಿಡ ಪೂರಾ ಬೋಳು ಮಾಡಿ ಹಾಕಿದೆ. ಬಿಸಾಡು ಅತ್ಲಾಗೆ!"

ಬೆರಳುದ್ದದ ದಪ್ಪ ಹಸಿರು ಹುಳು, ಹಿಂದೆ ಪುಟ್ಟ ಕೊಂಬು. ನಾನು ಟೊಂಗೆ ಮುಟ್ಟಿದ್ದೇ ತಡ, ಅದು ತಲೆ ಒಳಗೆಳೆದುಕೊಂಡು ಮೈ ಉಬ್ಬಿಸಿತು. ಬೆನ್ನ ಮೇಲಿದ್ದ ಎರಡು ನೀಲಿ ಮಚ್ಚೆಗಳು ಕಣ್ಣುಗಳಂತೆ ಅರಳಿದವು. ಹಕ್ಕಿಗಳನ್ನು ಹೆದರಿಸಲು ಅದಕ್ಕಿರುವ ಉಪಾಯವಂತೆ.

"ಇರ್ಲಿ ಬಿಡ್ರಿ ಅತ್ತಿ, ನಾ ಸಾಕ್ತೀನಿ," ಎಂದೆ. ನಾನು ಹುಬ್ಬಳ್ಳಿಯವಳು, ಅವರು ಉಡುಪಿಯವರು. ಇಷ್ಟು ವರ್ಷವಾದರೂ ಒಬ್ಬರ ಮಾತು ಇನ್ನೊಬ್ಬರಿಗೆ ಅಂಟಿಲ್ಲ.

ಫೋನಿನಲ್ಲಿ ಹುಡುಕಿದೆ. ಅದು ಹಾಕ್ ಮಾತ್ ಎಂಬ ಪತಂಗದ ಹುಳು. ಕಣಗಿಲೆ, ನಂದಿಬಟ್ಟಲುಗಳ ಎಲೆ ತಿಂದು ಬೆಳೆಯುತ್ತದೆ. ರೆಕ್ಕೆ ಬಂದ ಮೇಲೆ ಮುಸ್ಸಂಜೆಗೆ ಹೂವಿನೆದುರು ಗಾಳಿಯಲ್ಲೇ ನಿಂತು ಮಕರಂದ ಹೀರುತ್ತದೆ. ಅದನ್ನು ಕಣ್ಣಾರೆ ನೋಡಬೇಕೆನಿಸಿತು.

ಕೆಲವು ದಿನಗಳಲ್ಲಿ ಹುಳು ಕಂದು ಬಣ್ಣಕ್ಕೆ ತಿರುಗಿ, ತಿನ್ನುವುದು ಬಿಟ್ಟು ಕುಂಡದಿಂದಿಳಿದು ಅಲೆಯತೊಡಗಿತು. ಕೋಶ ಕಟ್ಟುವ ಜಾಗ ಹುಡುಕುತ್ತಿತ್ತು. ಕಾಗೆ ಒಯ್ದೀತೆಂದು ನಾನು ಅದನ್ನು ಪ್ಲಾಸ್ಟಿಕ್ ಡಬ್ಬಿಗೆ ಹಾಕಿ, ಒಣ ಎಲೆ ಹರಡಿ, ಮುಚ್ಚಳಕ್ಕೆ ತೂತು ಕೊರೆದೆ. "ಯಾರೂ ಮುಟ್ಟಬ್ಯಾಡ್ರಿ," ಎಂದು ಎಲ್ಲರಿಗೂ ಹೇಳಿದೆ. ಅತ್ತೆಗಂತೂ ತುಸು ಜೋರಾಗಿಯೇ.

ಹುಳು ಡಬ್ಬಿಯೊಳಗೇ ಕೋಶವಾಯಿತು. ಎರಡು ವಾರದ ಬಳಿಕ ಒಂದು ಸಂಜೆ ಆಫೀಸಿನಿಂದ ಬಂದಾಗ ಅತ್ತೆ ಬಾಗಿಲಲ್ಲೇ ನಿಂತಿದ್ದರು.

"ಬೆಳಗ್ಗಿಂದ ಡಬ್ಬಿ ಒಳಗೆ ಪರಪರ ಅಂತ ಇತ್ತು. ತೆಗೀಲಾ ಅಂತ ಕಂಡಿತು. ನೀನೇ ಮುಟ್ಟಬೇಡಿ ಅಂದಿದ್ದಿ ಅಲ್ವಾ?"

ಮುಚ್ಚಳ ತೆಗೆದೆ. ಹಸಿರು, ನಸುಗೆಂಪು ಬಳ್ಳಿಗಳು ಹೆಣೆದಂಥ ಮೈ. ಆದರೆ ರೆಕ್ಕೆಗಳು ಹಿಂಡಿದ ಬಟ್ಟೆಯಂತೆ ಮುದುಡಿ ಒಣಗಿದ್ದವು. ಕೋಶದಿಂದ ಬಂದ ಪತಂಗ ಎಲ್ಲಾದರೂ ಹತ್ತಿ ನೇತಾಡಬೇಕು, ಆಗಲೇ ರೆಕ್ಕೆ ಬಿಚ್ಚುವುದು. ನುಣುಪು ಪ್ಲಾಸ್ಟಿಕ್ಕಿನ ಮೇಲೆ ಅದು ದಿನವಿಡೀ ಜಾರಿ ಜಾರಿ ಬಿದ್ದಿತ್ತು. ಒಂದು ಕಡ್ಡಿ ಇಟ್ಟಿದ್ದರೆ ಸಾಕಿತ್ತು.

"ನಾನಾದ್ರೂ ತೆಗೀಬೇಕಿತ್ತು," ಎಂದರು ಅತ್ತೆ.

"ನಿಮ್ದೇನೂ ತಪ್ಪಿಲ್ರಿ ಅತ್ತಿ. ನಂದು," ಎಂದೆ. ಅವರು ಒಪ್ಪಲಿಲ್ಲ.

ಆ ರಾತ್ರಿ ಪತಂಗವನ್ನು ನಂದಿಬಟ್ಟಲಿನ ಮೇಲೆ ಬಿಟ್ಟೆವು. ಮರುದಿನ ಮುಸ್ಸಂಜೆ ಹಾರಲು ಮೈ ಬಿಸಿ ಮಾಡಿಕೊಳ್ಳುತ್ತ ಅದು ಆ ಮುದುಡಿದ ರೆಕ್ಕೆಗಳನ್ನೇ ನಡುಗಿಸಿ ನೆಲಕ್ಕೆ ಬಿತ್ತು. ಎತ್ತಿಟ್ಟೆ. ಮತ್ತೆ ಬಿತ್ತು. ನೋಡುತ್ತ ನಿಲ್ಲಲಾಗದೆ ಒಳಗೆ ಬಂದೆ. ಎತ್ತಿಡುವ ಕೆಲಸವನ್ನು ಅತ್ತೆ ಮಾಡಿದರು.

ನಸುಕಿನಲ್ಲಿ ಅವರೇ ನನ್ನನ್ನು ಎಬ್ಬಿಸಿದರು. "ಬಾ ಬೇಗ, ಇನ್ನೊಂದು ಬಂದಿದೆ."

ಟೊಂಗೆಯ ಮೇಲೆ ಎರಡು ಪತಂಗಗಳು ಕೂಡಿಕೊಂಡಿದ್ದವು. ನಮ್ಮದು ಹೆಣ್ಣು. ಅದರ ವಾಸನೆ ಹಿಡಿದು ಎಲ್ಲಿಂದಲೋ ಗಂಡು ಬಂದಿತ್ತು. ಬೆಳಕಾಗುವಷ್ಟರಲ್ಲಿ ಗಂಡು ಹಾರಿಹೋಯಿತು. ಎಲೆಯಿಂದೆಲೆಗೆ ಹಾರಿ ಮೊಟ್ಟೆಯಿಡಬೇಕಾದವಳು ಕೂತ ಟೊಂಗೆಯಲ್ಲೇ ತಿಳಿಹಸಿರು ಮೊಟ್ಟೆಗಳನ್ನಿಟ್ಟು, ಮೂರನೆಯ ದಿನ ಕುಂಡದ ಮಣ್ಣಿನಲ್ಲಿ ಸತ್ತುಬಿದ್ದಿದ್ದಳು.

ಮೊಟ್ಟೆ ಒಡೆದು ಮರಿಗಳು ಎಲೆ ತಿನ್ನತೊಡಗಿದಾಗ ಅತ್ತೆ ಅವನ್ನು ಬಿಸಾಡಲಿಲ್ಲ. ದೇವರಿಗೆ ಬರೀ ತುಳಸಿ ಏರಿಸಿದರು.

"ಎಲ್ಲಾ ಒಳ್ಳೇದೇ ಆಯ್ತಲ್ಲ," ಎಂದರು ನನ್ನ ಗಂಡ.

ನಾನು ಆ ಪ್ಲಾಸ್ಟಿಕ್ ಡಬ್ಬಿಯನ್ನು ಕಸದ ಬುಟ್ಟಿಗೆ ಹಾಕಿದೆ. ಅತ್ತೆ ಕುಂಡದಲ್ಲೊಂದು ಕಡ್ಡಿ ನೆಟ್ಟರು.