ಅಕ್ಕಿ ತೊಳೆಯುವ ದೃಶ್ಯದ ಸಂಗೀತ

ಟೋಕಿಯೊದ ಸಿನಿಮಾ ಸ್ಟುಡಿಯೊಗಳಲ್ಲಿ ಎಲ್ಲ ಮುಗಿದ ಮೇಲೆ ನೆನಪಾಗುವ ಮನುಷ್ಯನೆಂದರೆ ಸಂಗೀತದವನು. ನಟಿಗೆ ನೆಗಡಿಯಾಗಿ, ಮಳೆ ಹಿಡಿದು, ನಿರ್ದೇಶಕರಿಗೆ ಮುನಿಸು ಬಂದು ಆದ ತಡವೆಲ್ಲ ಕೊನೆಗೆ ಸಂಗೀತ ಬರೆಯುವ ಕುರಾಮೋಚಿಯ ತಲೆಗೇ ಬರುತ್ತಿತ್ತು. ಕತ್ತಿ ಕಾಳಗ, ದೆವ್ವ, ಮದುವೆ, ಯಾವುದಕ್ಕೂ ಇಲ್ಲವೆನ್ನದೆ ತಲೆ ತುಂಬ ನರೆಯುವ ತನಕ ಬರೆದ.

ಅವನಿಗಿದ್ದದ್ದು ಒಂದೇ ಆಸೆ. ಹೆಂಡತಿ ಮಿತ್ಸುಯೆ ಒಮ್ಮೆಯಾದರೂ ಸಂಗೀತ ಚೆನ್ನಾಗಿತ್ತು ಅನ್ನಬೇಕು. ಪ್ರತಿ ಚಿತ್ರಕ್ಕೂ ಕರೆದೊಯ್ಯುತ್ತಿದ್ದ. ಅವಳು ಮೂಗು ಒರೆಸಿಕೊಳ್ಳುತ್ತ ಹೊರಬರುತ್ತಿದ್ದಳು.

“ಸಂಗೀತ ಹೇಗಿತ್ತು?”

“ಇತ್ತೇನ್ರೀ? ನಾನು ಅಳ್ತಾ ಇದ್ನಲ್ಲ, ಅದೆಲ್ಲಿ ಕೇಳ್ಸುತ್ತೆ?”

“ಅಳಿಸಿದ್ದೇ ಅದು ಕಣೇ.”

“ಹೋಗ್ರೀ. ಪಾಪ, ಆ ಮಗು ಸತ್ತಿದ್ದಕ್ಕೆ ಅತ್ತೆ.”

ಒಂದು ಚಳಿಗಾಲ ಮಿತ್ಸುಯೆ ತೀರಿಕೊಂಡಳು. ಕುರಾಮೋಚಿ ಅಳಲಿಲ್ಲ. ಕಲ್ಲೆದೆಯವನೆಂದು ನೆಂಟರು ಪಿಸುಗುಟ್ಟಿದರು, ಅದೂ ತಾಕಲಿಲ್ಲ. ಹಲ್ಲು ಕೀಳಿಸಿಕೊಂಡು ಬಂದ ದವಡೆಯ ಹಾಗೆ ಒಳಗೆಲ್ಲ ಮರಗಟ್ಟಿತ್ತು. ಅಕ್ಕಿ ತೊಳೆದ, ಅನ್ನ ಮಾಡಿದ, ಅವಳ ಪಟದ ಮುಂದೆ ಒಂದು ಬಟ್ಟಲು ಇಟ್ಟ, ಉಳಿದದ್ದು ತಾನು ತಿಂದ.

ಚೆರ್ರಿ ಹೂ ಉದುರುವ ಹೊತ್ತಿಗೆ ನಿರ್ದೇಶಕ ಸುಗಾನುಮಾ ಒಂದು ಚಿತ್ರ ತಂದ. ಅದರಲ್ಲಿ ಹೆಂಡತಿ ಸತ್ತ ಮುದುಕ ಒಬ್ಬನೇ ಅಕ್ಕಿ ತೊಳೆಯುತ್ತಾನೆ.

“ಇಲ್ಲಿ ಥಿಯೇಟರಿಗೆ ಥಿಯೇಟರೇ ಅಳ್ಬೇಕು. ಪಿಟೀಲು ಧಾರಾಳವಾಗಿರ್ಲಿ,” ಎಂದ ಸುಗಾನುಮಾ.

ಕುರಾಮೋಚಿ ಬರೆದ, ಹೊಡೆದುಹಾಕಿದ, ಮತ್ತೆ ಬರೆದ. ಧ್ವನಿಮುದ್ರಣದ ದಿನ ಆ ದೃಶ್ಯ ತೆರೆಗೆ ಬಂದಾಗ ವಾದ್ಯಗಾರರು ಕಮಾನು ಹಿಡಿದು ಕಾದರು. ಸನ್ನೆ ಕೊಡಬೇಕಿದ್ದ ಕುರಾಮೋಚಿಯ ಕೈ ಮಾತ್ರ ಮೇಲೇಳಲಿಲ್ಲ.

“ಏನು ಸ್ವಾಮಿ, ನಿದ್ದೆ ಬಂತಾ?” ಸುಗಾನುಮಾ ರೇಗಿದ.

“ಇಲ್ಲ. ಅಕ್ಕಿ ತೊಳೆಯುವಾಗ ಏನೂ ಕೇಳ್ಸಲ್ಲ. ನೀರಿನ ಸದ್ದಷ್ಟೇ.”

ಸುಗಾನುಮಾ ಆ ದೃಶ್ಯವನ್ನು ಇನ್ನೊಮ್ಮೆ ಹಾಕಿಸಿ ನೋಡಿದ. ನೀರಿನ ಸದ್ದನ್ನೇ ಉಳಿಸಿದರು.

ಬಿಡುಗಡೆಯ ದಿನ ಅಭ್ಯಾಸಬಲದಿಂದ ಥಿಯೇಟರಿಗೆ ಹೋದ. ಆ ದೃಶ್ಯಕ್ಕೆ ಸುತ್ತಲಿನವರು ಬಿಕ್ಕಿದರು, ಅವನು ಸುಮ್ಮನೆ ಕೂತಿದ್ದ. ಹೊರಬರುವಾಗ ಮುಂದಿದ್ದ ಹೆಂಗಸು ಗಂಡನಿಗೆ ಹೇಳಿದಳು: “ಅಕ್ಕಿ ತೊಳೆಯೋವಾಗ ಸಂಗೀತ ಎಷ್ಟು ಚೆನ್ನಾಗಿತ್ತು, ಅಲ್ವೇನ್ರೀ?”

ಮನೆಗೆ ಬಂದು ಪಟದ ಮುಂದೆ ಊದುಬತ್ತಿ ಹಚ್ಚಿ ಕೂತ.

“ಕೇಳಿದ್ಯೇನೇ, ಸಂಗೀತ ಚೆನ್ನಾಗಿತ್ತಂತೆ. ಅಲ್ಲಿ ಇರ್ಲೇ ಇಲ್ಲ ಕಣೇ.”

ಬದುಕಿದ್ದರೆ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದಳು. ಅವಳು ನಕ್ಕು ಮುಗಿಸುವಷ್ಟು ಹೊತ್ತು ಕುರಾಮೋಚಿ ಕಾದ. ಆಮೇಲೆ ತೋಳನ್ನು ಬಾಯಿಗೆ ಒತ್ತಿಕೊಂಡು ಅತ್ತ.